ಚಳಿಗಾಲದ ಬಿಲ್ಲು, ಸರ್ಕಾರದ ನೆರವು: ಹೊರನಾಡ ಓದುಗರ ಪ್ರಶ್ನೆಗಳಿಗೆ ಉತ್ತರ

ಈ ಸಲ ನಮ್ಮ ಅಂಕಣಕ್ಕೆ ಬಂದ ಪತ್ರಗಳಲ್ಲಿ ಹೆಚ್ಚಿನವು ಒಂದೇ ವಿಷಯವನ್ನು ಕುರಿತಿವೆ. ಅಮೆರಿಕ ಮತ್ತು ಬ್ರಿಟನ್ನಿನಲ್ಲಿ ನೆಲೆಸಿರುವ ಕನ್ನಡಿಗರೂ ಅವರ ಚಿಂತೆಯಲ್ಲಿ ಊರಿನಲ್ಲಿರುವ ತಂದೆತಾಯಿಯರೂ ಮನೆಯನ್ನು ಬೆಚ್ಚಗಿಡುವ ಖರ್ಚಿಗೆ ಅಲ್ಲಿಯ ಸರ್ಕಾರಗಳು ಕೊಡುವ ನೆರವಿನ ಬಗ್ಗೆ ಕೇಳಿದ್ದಾರೆ. ಒಂದೇ ಬಗೆಯ ಪ್ರಶ್ನೆಗಳನ್ನು ಒಟ್ಟುಗೂಡಿಸಿ ಉತ್ತರಿಸಲಾಗಿದೆ. ಪತ್ರ ಬರೆದವರ ಹೆಸರುಗಳನ್ನು ಬಿಟ್ಟು ಊರನ್ನಷ್ಟೇ ಉಳಿಸಿಕೊಂಡಿದ್ದೇವೆ.

ಪ್ರಶ್ನೆ: ನನ್ನ ಮಗಳು, ಅಳಿಯ ಮತ್ತು ಇಬ್ಬರು ಮೊಮ್ಮಕ್ಕಳು ಅಮೆರಿಕದ ಮಿನ್ನೆಸೋಟ ರಾಜ್ಯದಲ್ಲಿದ್ದಾರೆ. ದಂಪತಿಗೆ ಗ್ರೀನ್ ಕಾರ್ಡ್ ಇದೆ. ಅಕ್ಟೋಬರ್‌ನಲ್ಲಿ ಅಳಿಯಂದಿರ ಕೆಲಸ ಹೋಯಿತು. ಮಗಳು ಶಾಲೆಯೊಂದರಲ್ಲಿ ಅರ್ಧ ದಿನ ದುಡಿಯುತ್ತಾಳೆ. ಮನೆ ಬಿಸಿ ಮಾಡುವುದಕ್ಕೇ ತಿಂಗಳಿಗೆ ನಮ್ಮ ಲೆಕ್ಕದಲ್ಲಿ ಇಪ್ಪತ್ತೈದು ಸಾವಿರ ರೂಪಾಯಿ ಹೋಗುತ್ತದೆಯಂತೆ. ನಮ್ಮ ಗೃಹಜ್ಯೋತಿಯಂಥ ಯೋಜನೆ ಅಲ್ಲಿಯೂ ಇದೆಯೇ? — ದಾವಣಗೆರೆ

ಉತ್ತರ: ಇದೆ. ಆದರೆ ಗೃಹಜ್ಯೋತಿಯನ್ನು ಮನಸ್ಸಿನಲ್ಲಿಟ್ಟುಕೊಂಡು ಅದನ್ನು ಅಳೆಯಲು ಹೊರಟರೆ ಲೆಕ್ಕ ತಪ್ಪುತ್ತದೆ. 2023ರಲ್ಲಿ ಜಾರಿಗೆ ಬಂದ ನಮ್ಮ ಯೋಜನೆಯಲ್ಲಿ ಮನೆಯವರ ಆದಾಯವನ್ನು ಯಾರೂ ಕೇಳುವುದಿಲ್ಲ. ತಿಂಗಳಿಗೆ 200 ಯುನಿಟ್‌ಗಳ ಮಿತಿಯೊಳಗೆ, ಹಿಂದಿನ ಬಳಕೆಯ ಸರಾಸರಿಗೆ ಶೇಕಡಾ 10ರಷ್ಟು ಸೇರಿಸಿ, ಅಷ್ಟರ ಮಟ್ಟಿಗೆ ಬಿಲ್ಲನ್ನು ಮನ್ನಾ ಮಾಡಲಾಗುತ್ತದೆ. ಒಮ್ಮೆ ನೋಂದಾಯಿಸಿದರೆ ಸಾಕು. ಅಮೆರಿಕದ ಯೋಜನೆ ಆದಾಯವನ್ನು ನೋಡಿ ಕೊಡುವಂಥದ್ದು, ಪ್ರತಿ ವರ್ಷವೂ ಹೊಸದಾಗಿ ಅರ್ಜಿ ಹಾಕಬೇಕಾದದ್ದು, ಮತ್ತು ಇಟ್ಟ ಹಣ ಮುಗಿದ ಕೂಡಲೇ ಮುಚ್ಚಿಹೋಗುವಂಥದ್ದು. ಅದಕ್ಕೆ ಅಲ್ಲಿಯವರು ‘ಲೈಹೀಪ್’ ಎನ್ನುತ್ತಾರೆ. ಕಡಿಮೆ ಆದಾಯದ ಮನೆಗಳಿಗೆ ಇಂಧನದ ನೆರವು ಎಂಬುದು ಅದರ ಅರ್ಥ. 1981ರ ಕಾನೂನಿನ ಪ್ರಕಾರ ಕೇಂದ್ರ ಸರ್ಕಾರವು ಹಣವನ್ನು ರಾಜ್ಯಗಳಿಗೆ ಹಂಚುತ್ತದೆ, ರಾಜ್ಯಗಳು ತಮ್ಮ ತಮ್ಮ ನಿಯಮಗಳಂತೆ ಮನೆಗಳಿಗೆ ತಲುಪಿಸುತ್ತವೆ. ಆದ್ದರಿಂದಲೇ ಹೆಸರು ಕೂಡ ರಾಜ್ಯದಿಂದ ರಾಜ್ಯಕ್ಕೆ ಬೇರೆಯಾಗುತ್ತದೆ. ನ್ಯೂಯಾರ್ಕಿನಲ್ಲಿ ಅದು ‘ಹೀಪ್’, ನಿಮ್ಮ ಮಗಳಿರುವ ಮಿನ್ನೆಸೋಟದಲ್ಲಿ ‘ಎನರ್ಜಿ ಅಸಿಸ್ಟೆನ್ಸ್ ಪ್ರೋಗ್ರಾಂ’.

ಆದಾಯದ ಮಿತಿಯನ್ನು ರಾಜ್ಯಗಳೇ ಗೊತ್ತುಪಡಿಸುತ್ತವೆಯಾದರೂ ಕೇಂದ್ರದ ಕಾನೂನು ಅದಕ್ಕೊಂದು ಮೇಲಿನ ಗೆರೆ ಎಳೆದಿದೆ. ಬಡತನ ರೇಖೆಯ ಒಂದೂವರೆ ಪಟ್ಟು, ಅಥವಾ ಆ ರಾಜ್ಯದ ನಟ್ಟನಡುವಿನ ಕುಟುಂಬದ ಆದಾಯದ ಶೇಕಡಾ 60, ಇವೆರಡರಲ್ಲಿ ಯಾವುದು ಹೆಚ್ಚೋ ಅದನ್ನು ರಾಜ್ಯಗಳು ಮೀರುವಂತಿಲ್ಲ. 2025ರ ಬಡತನ ರೇಖೆ ನಾಲ್ವರ ಮನೆಗೆ ವರ್ಷಕ್ಕೆ 32,150 ಡಾಲರ್. ಅದರ ಒಂದೂವರೆ ಪಟ್ಟು 48,225 ಡಾಲರ್ ಆಗುತ್ತದೆ. ನಡುವಿನ ಆದಾಯವನ್ನು ಆಧಾರವಾಗಿಟ್ಟುಕೊಂಡ ರಾಜ್ಯಗಳಲ್ಲಿ ಮಿತಿ ಇದಕ್ಕಿಂತ ಸಾಕಷ್ಟು ಮೇಲಿರುವುದುಂಟು. ‘ನಾವು ಅಷ್ಟೇನೂ ಬಡವರಲ್ಲ’ ಎಂದುಕೊಂಡು ಅರ್ಜಿಯನ್ನೇ ಹಾಕದ ಅನೇಕ ಮನೆಗಳು ನಿಜವಾಗಿ ಅರ್ಹವಾಗಿರುತ್ತವೆ. ಸಾಮಾನ್ಯವಾಗಿ ಅರ್ಜಿಗೆ ಮುಂಚಿನ ಒಂದು ಅಥವಾ ಕೆಲವು ತಿಂಗಳ ಆದಾಯವನ್ನು ನೋಡುವುದರಿಂದ, ಬೇಸಿಗೆಯಲ್ಲಿ ಒಳ್ಳೆಯ ಸಂಬಳವಿದ್ದು ಈಗ ಇಲ್ಲವಾಗಿರುವ ನಿಮ್ಮ ಅಳಿಯಂದಿರಂಥವರು ಹಿಂಜರಿಯಬೇಕಾಗಿಲ್ಲ. ಆದರೆ ಅವರಿಗೆ ನಿರುದ್ಯೋಗ ವಿಮೆಯ ಹಣ ಬರುತ್ತಿದ್ದರೆ ಅದನ್ನೂ ಆದಾಯವೆಂದು ತೋರಿಸಬೇಕು.

ಮಂಜೂರಾದ ಹಣ ಸಾಮಾನ್ಯವಾಗಿ ಇವರ ಕೈಗೆ ಬರುವುದಿಲ್ಲ. ಅದು ನೇರವಾಗಿ ಗ್ಯಾಸ್ ಅಥವಾ ವಿದ್ಯುತ್ ಕಂಪನಿಗೆ ಹೋಗಿ ಬಿಲ್ಲಿನಲ್ಲಿ ಜಮೆಯಾಗಿ ಕಾಣಿಸುತ್ತದೆ. ಎಷ್ಟು ಕೊಡುತ್ತಾರೆಂಬುದು ಆದಾಯ, ಮನೆಯ ಜನ, ಇಂಧನದ ಬಗೆ ಇವನ್ನು ಅವಲಂಬಿಸಿದೆ. ಪೂರ್ತಿ ಚಳಿಗಾಲದ ಖರ್ಚು ಅದರಲ್ಲಿ ಮುಗಿಯಿತೆಂದು ಭಾವಿಸಬಾರದು. ಮಿನ್ನೆಸೋಟದಲ್ಲಿ ಇನ್ನೊಂದು ರಕ್ಷಣೆಯೂ ಇದೆ. ಅಕ್ಟೋಬರ್ 1ರಿಂದ ಏಪ್ರಿಲ್ 30ರವರೆಗೆ ಜಾರಿಯಲ್ಲಿರುವ ಚಳಿಗಾಲದ ನಿಯಮದ ಪ್ರಕಾರ, ಕಂಪನಿಯೊಂದಿಗೆ ಕಂತಿನ ಒಪ್ಪಂದ ಮಾಡಿಕೊಂಡು ಅದರಂತೆ ಕಟ್ಟುತ್ತಿರುವ ಮನೆಗಳ ಹೀಟಿಂಗ್ ಸಂಪರ್ಕವನ್ನು ಕಡಿಯುವಂತಿಲ್ಲ. ಈ ರಕ್ಷಣೆ ತಾನಾಗಿಯೇ ಬರುವುದಿಲ್ಲ, ಕಂಪನಿಗೆ ಕರೆ ಮಾಡಿ ಒಪ್ಪಂದ ಕೇಳಿದವರಿಗೆ ಮಾತ್ರ ಸಿಗುತ್ತದೆ. ಜನವರಿಯ ಸರಾಸರಿ ಉಷ್ಣಾಂಶವೇ ಸೊನ್ನೆಗಿಂತ ಸುಮಾರು 9 ಡಿಗ್ರಿ ಸೆಲ್ಸಿಯಸ್ ಕೆಳಗಿರುವ ಮಿನಿಯಾಪೊಲಿಸ್‌ನಂಥ ಊರಿನಲ್ಲಿ ಎರಡು ಕಂಬಳಿ ಹೊದ್ದು ಕಾಲ ಹಾಕಬಹುದೆಂಬ ನಮ್ಮ ದಾವಣಗೆರೆಯ ಸಲಹೆ ನಡೆಯುವುದಿಲ್ಲವೆಂಬುದನ್ನೂ ವಿನಯದಿಂದ ಹೇಳುತ್ತೇನೆ. ಅಲ್ಲಿ ಹೀಟಿಂಗ್ ನಿಂತರೆ ಗೋಡೆಯೊಳಗಿನ ನೀರಿನ ಪೈಪುಗಳೇ ಹೆಪ್ಪುಗಟ್ಟಿ ಒಡೆಯುತ್ತವೆ.

ಪ್ರಶ್ನೆ: ಅಮ್ಮನಿಗೆ 68 ವರ್ಷ. ಎರಡು ವರ್ಷದ ಹಿಂದೆ ನಾನೇ ಸ್ಪಾನ್ಸರ್ ಮಾಡಿ ಗ್ರೀನ್ ಕಾರ್ಡ್ ಮಾಡಿಸಿದೆ. ಗ್ರೀನ್ ಕಾರ್ಡ್ ಬಂದ ಐದು ವರ್ಷ ಯಾವ ಸರ್ಕಾರಿ ನೆರವನ್ನೂ ಕೇಳಬಾರದು, ಕೇಳಿದರೆ ಸ್ಪಾನ್ಸರ್ ಆದವರು ಹಣ ಹಿಂತಿರುಗಿಸಬೇಕು ಎಂದು ಗೆಳೆಯರು ಹೆದರಿಸುತ್ತಾರೆ. ಅಮ್ಮನಿಗೆ ಸ್ವಂತ ಆದಾಯವಿಲ್ಲ. ಅವರ ಹೆಸರಿನಲ್ಲಿ ಅರ್ಜಿ ಹಾಕಬಹುದೇ? — ನ್ಯೂಜೆರ್ಸಿ

ಉತ್ತರ: ಇಲ್ಲಿ ಎರಡು ಬೇರೆ ಬೇರೆ ಪ್ರಶ್ನೆಗಳು ಒಂದಕ್ಕೊಂದು ಹೆಣೆದುಕೊಂಡಿವೆ. ಗೆಳೆಯರು ಹೆದರಿಸುತ್ತಿರುವುದು ಮೊದಲನೆಯದರ ಬಗ್ಗೆ. ನಿಜವಾದ ತೊಡಕಿರುವುದು ಎರಡನೆಯದರಲ್ಲಿ.

ಐದು ವರ್ಷದ ತಡೆ ಎಂಬುದು 1996ರ ಕಲ್ಯಾಣ ಸುಧಾರಣಾ ಕಾನೂನಿನಿಂದ ಬಂದದ್ದು. ಅದು ಮೆಡಿಕೇಡ್ (ಕಡಿಮೆ ಆದಾಯದವರ ವೈದ್ಯಕೀಯ ನೆರವು), ಆಹಾರದ ಸ್ಟ್ಯಾಂಪ್ (ಆಹಾರ ಕೊಳ್ಳಲು ಕೊಡುವ ನೆರವು) ಮುಂತಾದ ಕೆಲವೇ ಯೋಜನೆಗಳಿಗೆ ಅನ್ವಯಿಸುತ್ತದೆ. ಲೈಹೀಪ್ ಆ ಪಟ್ಟಿಯಲ್ಲಿಲ್ಲ. ಗ್ರೀನ್ ಕಾರ್ಡ್ ಇರುವವರು ಮೊದಲ ವರ್ಷದಲ್ಲಿಯೇ ಅದನ್ನು ಕೇಳಬಹುದು. ಸ್ಪಾನ್ಸರ್ ಆಗಿ ನೀವು ಸಹಿ ಮಾಡಿದ ಮುಚ್ಚಳಿಕೆಯಲ್ಲಿ ಹಣ ಹಿಂತಿರುಗಿಸುವ ಹೊಣೆಯೂ ಅದೇ ಪಟ್ಟಿಯ ಯೋಜನೆಗಳಿಗೆ ಸೀಮಿತವಾದದ್ದು. ಅಷ್ಟರ ಮಟ್ಟಿಗೆ ನೀವು ನಿಶ್ಚಿಂತೆಯಿಂದಿರಬಹುದು.

ಎರಡನೆಯ ಪ್ರಶ್ನೆ, ಅಮ್ಮ ಎಲ್ಲಿ ವಾಸವಾಗಿದ್ದಾರೆ ಎಂಬುದು. ಪತ್ರದಲ್ಲಿ ನೀವು ಅದನ್ನು ಬರೆದಿಲ್ಲ, ಬಹುಶಃ ನಿಮ್ಮ ಮನೆಯಲ್ಲಿಯೇ ಇದ್ದಾರೆ. ನಮ್ಮಲ್ಲಿ ಅಣ್ಣತಮ್ಮಂದಿರು ಒಂದೇ ಮನೆಯಲ್ಲಿದ್ದು ಒಲೆ ಬೇರೆ ಮಾಡಿಕೊಂಡರೆ ಎರಡು ಸಂಸಾರವಾಯಿತೆಂದು ಲೆಕ್ಕ, ರೇಷನ್ ಕಾರ್ಡನ್ನೂ ಹಾಗೆಯೇ ಬೇರೆ ಮಾಡಿಸಿಕೊಳ್ಳುತ್ತೇವೆ. ಲೈಹೀಪ್ ಕಾನೂನು ಅಡುಗೆಯ ಒಲೆಯನ್ನು ನೋಡುವುದಿಲ್ಲ. ಒಂದೇ ಆರ್ಥಿಕ ಘಟಕವಾಗಿ ಬದುಕುತ್ತ, ಮನೆಗೆ ಬೇಕಾದ ಇಂಧನವನ್ನು ಒಟ್ಟಾಗಿ ಕೊಳ್ಳುವವರೆಲ್ಲ ಅದರ ಕಣ್ಣಿಗೆ ಒಂದೇ ಮನೆ. ಅಮ್ಮ ನಿಮ್ಮ ಮನೆಯ ಕೋಣೆಯಲ್ಲಿದ್ದು, ನಿಮ್ಮ ಬಾಯ್ಲರಿನ ಶಾಖದಲ್ಲಿಯೇ ಇರುವಾಗ ಅವರೊಬ್ಬರನ್ನೇ ಬೇರೆ ಮನೆಯೆಂದು ತೋರಿಸಲಾಗದು. ನಿಮ್ಮ ಸಂಬಳ, ನಿಮ್ಮ ಪತ್ನಿಯ ಸಂಬಳ ಎಲ್ಲವೂ ಲೆಕ್ಕಕ್ಕೆ ಸೇರುತ್ತವೆ. ಆ ಒಟ್ಟು ಮೊತ್ತ ಮಿತಿಯನ್ನು ದಾಟಿದರೆ ಅರ್ಜಿ ಮಂಜೂರಾಗುವುದಿಲ್ಲ. ಅಮ್ಮನ ಹೆಸರಿನಲ್ಲಿ ಸುಳ್ಳು ಬಾಡಿಗೆ ಕರಾರು ಮಾಡಿ ತೋರಿಸಬಹುದೆಂದು ಯಾರಾದರೂ ಹೇಳಿದರೆ ದಯವಿಟ್ಟು ಕಿವಿಗೆ ಹಾಕಿಕೊಳ್ಳಬೇಡಿ. ಅರ್ಜಿಗೆ ಸಹಿ ಹಾಕುವವರು ಅಮ್ಮ, ಅದರಲ್ಲಿರುವುದೆಲ್ಲ ಸತ್ಯವೆಂದು ಪ್ರಮಾಣ ಮಾಡುವವರೂ ಅವರೇ, ಮುಂದೆ ಪೌರತ್ವದ ಸಂದರ್ಶನದಲ್ಲಿ ಉತ್ತರ ಹೇಳಬೇಕಾದವರೂ ಅವರೇ.

ಅಮ್ಮ ನಿಜವಾಗಿಯೂ ಬೇರೆ ಅಪಾರ್ಟ್‌ಮೆಂಟಿನಲ್ಲಿದ್ದರೆ ಮಾತು ಬೇರೆ. ಆಗ ಅವರು ಒಂಟಿ ವ್ಯಕ್ತಿಯ ಮನೆಯಾಗಿ ಅರ್ಜಿ ಹಾಕಬಹುದು. ವಯಸ್ಸಾದವರು, ಅಂಗವಿಕಲರು ಮತ್ತು ಆರು ವರ್ಷದೊಳಗಿನ ಮಕ್ಕಳಿರುವ ಮನೆಗಳಿಗೆ ಈ ಯೋಜನೆಯಲ್ಲಿ ಆದ್ಯತೆಯಿದೆ. ಹಾಗೆ ಬಂದ ನೆರವಿಗೆ ತೆರಿಗೆ ಇಲ್ಲ, ಅದನ್ನು ಬೇರಾವ ಯೋಜನೆಯಲ್ಲಿಯೂ ಆದಾಯವೆಂದು ಪರಿಗಣಿಸಬಾರದೆಂದು ಕಾನೂನೇ ಹೇಳುತ್ತದೆ.

ಪ್ರಶ್ನೆ: ನಾನು ವಿದ್ಯಾರ್ಥಿ ವೀಸಾದಲ್ಲಿ ಪಿಎಚ್.ಡಿ. ಮಾಡುತ್ತಿದ್ದೇನೆ. ಪತ್ನಿಗೆ ಕೆಲಸ ಮಾಡುವ ಅನುಮತಿ ಇಲ್ಲ. ಇಲ್ಲಿಯೇ ಹುಟ್ಟಿದ ಒಂದು ವರ್ಷದ ಮಗಳಿದ್ದಾಳೆ. ಸ್ಟೈಪೆಂಡ್‌ನಲ್ಲಿ ಹೀಟಿಂಗ್ ಬಿಲ್ ಭಾರವಾಗಿದೆ. ನೆರವು ಕೇಳಿದರೆ ಮುಂದೆ ಗ್ರೀನ್ ಕಾರ್ಡಿಗೆ ತೊಂದರೆಯಾಗುವುದೇ? — ಬಫೆಲೋ, ನ್ಯೂಯಾರ್ಕ್

ಉತ್ತರ: ವಿದ್ಯಾರ್ಥಿ ವೀಸಾದಲ್ಲಿರುವವರೂ, ಎಚ್-1ಬಿ ಎಂಬ ಕೆಲಸದ ವೀಸಾ ಮತ್ತು ಅವರ ಪತಿಪತ್ನಿ, ಮಕ್ಕಳಿಗೆ ಕೊಡುವ ಎಚ್-4 ವೀಸಾದಲ್ಲಿರುವವರೂ ತಮ್ಮ ಹೆಸರಿನಲ್ಲಿ ಲೈಹೀಪ್ ಪಡೆಯಲು ಅರ್ಹರಲ್ಲ. ಮಗಳು ಹುಟ್ಟಿನಿಂದಲೇ ಅಮೆರಿಕದ ಪ್ರಜೆಯಾದ್ದರಿಂದ ಅವಳ ಪರವಾಗಿ ಮನೆಯವರು ಅರ್ಜಿ ಹಾಕಲು ಅನೇಕ ರಾಜ್ಯಗಳಲ್ಲಿ ಅವಕಾಶವಿದೆ. ಅಲ್ಲಿಯೂ ದುಡಿಯುವ ತಂದೆಯ ಆದಾಯವನ್ನು ಸಾಮಾನ್ಯವಾಗಿ ಬಿಡುವುದಿಲ್ಲ. ನಿಮ್ಮ ಕೌಂಟಿಯ ಸಮಾಜ ಸೇವಾ ಕಚೇರಿಯಲ್ಲಿ ‘ಮಗು ಪ್ರಜೆ, ತಂದೆತಾಯಿ ಅಲ್ಲ’ ಎಂದು ಮೊದಲೇ ತಿಳಿಸಿ ವಿಚಾರಿಸಿ.

ಗ್ರೀನ್ ಕಾರ್ಡಿನ ಭಯದ ವಿಷಯ. ಸರ್ಕಾರಕ್ಕೆ ಹೊರೆಯಾಗುವವರೇ ಎಂದು ಪರೀಕ್ಷಿಸುವ ನಿಯಮವನ್ನು 2022ರಲ್ಲಿ ಬರೆದಾಗ, ಬದುಕಿನ ಖರ್ಚಿಗೆಂದು ನಗದಾಗಿ ಪಡೆಯುವ ನೆರವು ಮತ್ತು ಸರ್ಕಾರದ ವೆಚ್ಚದಲ್ಲಿ ದೀರ್ಘಕಾಲ ಆರೈಕೆ ಸಂಸ್ಥೆಯಲ್ಲಿರುವುದು ಇವೆರಡನ್ನೇ ಲೆಕ್ಕಕ್ಕೆ ತೆಗೆದುಕೊಂಡರು. ಇಂಧನದ ನೆರವನ್ನು ಹೊರಗಿಟ್ಟರು. ಆದರೆ ವಲಸೆಯ ನಿಯಮಗಳು ಅಧ್ಯಕ್ಷರು ಬದಲಾದಂತೆ ಬದಲಾಗುವುದನ್ನು ನಾವೆಲ್ಲ ನೋಡಿದ್ದೇವೆ. ಅರ್ಜಿ ಹಾಕುವ ದಿನ ಜಾರಿಯಲ್ಲಿರುವ ನಿಯಮವನ್ನು ವಲಸೆ ವಕೀಲರೊಬ್ಬರಲ್ಲಿ, ಇಲ್ಲವೇ ನಿಮ್ಮ ವಿಶ್ವವಿದ್ಯಾಲಯದ ಅಂತರರಾಷ್ಟ್ರೀಯ ವಿದ್ಯಾರ್ಥಿಗಳ ಕಚೇರಿಯಲ್ಲಿ ಕೇಳಿಕೊಳ್ಳಿ. ವಿದ್ಯಾರ್ಥಿ ವೀಸಾ ಪಡೆಯುವಾಗ ಓದಿನ ಮತ್ತು ಜೀವನದ ಖರ್ಚನ್ನು ಭರಿಸಬಲ್ಲೆವೆಂದು ದಾಖಲೆ ತೋರಿಸಿರುತ್ತೀರಿ, ಅದನ್ನೂ ಮರೆಯಬಾರದು.

ನಿಮ್ಮ ಸ್ಥಿತಿಯಲ್ಲಿ ನಾನಾಗಿದ್ದರೆ ಮೊದಲು ಗ್ಯಾಸ್ ಕಂಪನಿಗೆ ಕರೆ ಮಾಡುತ್ತಿದ್ದೆ. ವರ್ಷದ ಖರ್ಚನ್ನು ಹನ್ನೆರಡು ಸಮ ಕಂತುಗಳಾಗಿ ಹಂಚುವ ಬಜೆಟ್ ಬಿಲ್ಲಿಂಗ್, ಬಾಕಿಯನ್ನು ಸ್ವಲ್ಪಸ್ವಲ್ಪವಾಗಿ ತೀರಿಸುವ ಒಪ್ಪಂದ ಇವು ಗ್ರಾಹಕನಿಗೆ ಇರುವ ಸೌಲಭ್ಯಗಳು, ಅವು ಸರ್ಕಾರದ ನೆರವಲ್ಲ. ಜನವರಿಯ ದೊಡ್ಡ ಬಿಲ್ಲು ಜೂನ್‌ವರೆಗೆ ಹರಡಿಕೊಂಡರೆ ಸ್ಟೈಪೆಂಡಿನ ಮೇಲೆ ಬೀಳುವ ಏಟು ಕಡಿಮೆಯಾಗುತ್ತದೆ.

ಪ್ರಶ್ನೆ: ನಾವು ಬಾಡಿಗೆ ಮನೆಯಲ್ಲಿದ್ದೇವೆ. ನೆಲಮಾಳಿಗೆಯಲ್ಲಿ ಹೀಟಿಂಗ್ ಆಯಿಲ್ ಟ್ಯಾಂಕ್ ಇದೆ, ಎಣ್ಣೆ ತುಂಬಿಸುವ ಖರ್ಚು ನಮ್ಮದೇ. ಅರ್ಜಿಗೆ ಏನೇನು ಕಾಗದಗಳು ಬೇಕು, ಯಾವಾಗ ಹಾಕಬೇಕು? — ವುಸ್ಟರ್, ಮ್ಯಾಸಚೂಸೆಟ್ಸ್

ಉತ್ತರ: ಬಾಡಿಗೆಯವರೆಂಬ ಕಾರಣಕ್ಕೆ ನೆರವು ತಪ್ಪುವುದಿಲ್ಲ. ಹೀಟಿಂಗ್ ಖರ್ಚು ಬಾಡಿಗೆಯಲ್ಲಿಯೇ ಸೇರಿರುವ ಮನೆಗಳನ್ನು ಕೂಡ ಕಾನೂನು ಹೊರಗಿಟ್ಟಿಲ್ಲ. ಮನೆಯಲ್ಲಿರುವ ಎಲ್ಲರ ಗುರುತಿನ ದಾಖಲೆ ಮತ್ತು ಸೋಷಿಯಲ್ ಸೆಕ್ಯುರಿಟಿ ಸಂಖ್ಯೆ, ಬಾಡಿಗೆ ಕರಾರು, ದುಡಿಯುವ ಪ್ರತಿಯೊಬ್ಬರ ಇತ್ತೀಚಿನ ಸಂಬಳದ ಚೀಟಿಗಳು, ಎಣ್ಣೆ ವ್ಯಾಪಾರಿಯ ಬಿಲ್ಲು, ವಿದ್ಯುತ್ ಬಿಲ್ಲು ಇವಿಷ್ಟನ್ನು ಒಂದೇ ಫೈಲಿನಲ್ಲಿ ಜೋಡಿಸಿಡಿ. ಟ್ಯಾಕ್ಸಿ ಓಡಿಸುವುದು, ಮನೆಯಿಂದಲೇ ಊಟದ ಡಬ್ಬಿ ಕಳಿಸುವುದು ಮುಂತಾದ ಸ್ವಂತ ದುಡಿಮೆ ಇದ್ದರೆ ತೆರಿಗೆಯ ರಿಟರ್ನ್ ಕೇಳುತ್ತಾರೆ. ಕೆಲಸವಿಲ್ಲದ ವಯಸ್ಕರಿದ್ದರೆ, ಅವರಿಗೆ ಆದಾಯವಿಲ್ಲವೆಂದು ಬರೆದುಕೊಡಬೇಕಾಗುತ್ತದೆ. ಅರ್ಜಿಗಳು ತಿಂಗಳುಗಟ್ಟಲೆ ತಡವಾಗುವುದು ಬಹುಮಟ್ಟಿಗೆ ಈ ಒಂದು ಕಾಗದ ಇಲ್ಲದ್ದರಿಂದ ಎಂಬುದು, ಅರ್ಜಿ ಹಾಕಿದ ಓದುಗರು ನಮಗೆ ಬರೆದ ಅನುಭವ. ‘ಆದಾಯವೇ ಇಲ್ಲ, ಅದಕ್ಕೆಂಥ ದಾಖಲೆ’ ಎಂದುಕೊಂಡು ಸುಮ್ಮನಿದ್ದುಬಿಡುತ್ತಾರೆ.

ಮ್ಯಾಸಚೂಸೆಟ್ಸ್‌ನಲ್ಲಿ ನೆರವಿನ ಋತು ನವೆಂಬರ್ 1ರಿಂದ ಏಪ್ರಿಲ್ 30ರವರೆಗೆ. ಕೊನೆಯ ದಿನ ದೂರವಿದೆಯೆಂದು ಕಾಯುವುದು ಜಾಣತನವಲ್ಲ, ಏಕೆಂದರೆ ಇದು ಕೇಳಿದ ಎಲ್ಲರಿಗೂ ಕೊಡಲೇಬೇಕಾದ ಹಕ್ಕಿನ ಹಣವಲ್ಲ. 2025ರಲ್ಲಿ ಅಕ್ಟೋಬರ್ 1ರಿಂದ ನವೆಂಬರ್ 12ರವರೆಗೆ ಅಮೆರಿಕದ ಕೇಂದ್ರ ಸರ್ಕಾರದ ಕೆಲಸ ಸ್ಥಗಿತವಾದಾಗ ರಾಜ್ಯಗಳಿಗೆ ಲೈಹೀಪ್ ಹಣ ತಲುಪುವುದೇ ತಡವಾಯಿತು. ಅಂಥ ವರ್ಷದಲ್ಲಿಯೂ ಕಾಗದಗಳನ್ನು ಪೂರ್ತಿಮಾಡಿ ಅರ್ಜಿ ಕೊಟ್ಟಿದ್ದವರಿಗೆ ಹಣ ಬಂದ ಮೇಲೆ ಮತ್ತೆ ಮೊದಲಿನಿಂದ ಓಡಾಡುವ ಕಷ್ಟವಿರಲಿಲ್ಲ.

ಎಣ್ಣೆ ಬಳಸುವವರಿಗೆ ಒಂದು ವಿಶೇಷ ಎಚ್ಚರಿಕೆ. ಮ್ಯಾಸಚೂಸೆಟ್ಸ್‌ನಲ್ಲಿ ನವೆಂಬರ್ 15ರಿಂದ ಮಾರ್ಚ್ 15ರವರೆಗೆ, ಆರ್ಥಿಕ ಸಂಕಷ್ಟದಲ್ಲಿರುವ ಮನೆಗಳ ಹೀಟಿಂಗ್ ಗ್ಯಾಸ್ ಮತ್ತು ವಿದ್ಯುತ್ತನ್ನು ಕಡಿಯಬಾರದೆಂಬ ನಿಯಮವಿದೆ. ಎಣ್ಣೆಗೆ ಅಂಥ ಆಸರೆ ಇಲ್ಲ. ವ್ಯಾಪಾರಿ ಲಾರಿಯನ್ನು ಕಳಿಸದಿದ್ದರೆ ಅಲ್ಲಿಗೆ ಮುಗಿಯಿತು, ಕಡಿಯಲು ಸಂಪರ್ಕವೆಂಬುದೇ ಇಲ್ಲವಲ್ಲ. ಆದ್ದರಿಂದ ಟ್ಯಾಂಕಿನ ಮುಳ್ಳು ಕಾಲು ಭಾಗಕ್ಕೆ ಬಂದಾಗಲೇ ಕಚೇರಿಗೆ ತಿಳಿಸಿ, ಮತ್ತು ನಿಮ್ಮ ವ್ಯಾಪಾರಿ ಈ ಯೋಜನೆಯಲ್ಲಿ ನೋಂದಾಯಿಸಿಕೊಂಡವರೇ ಎಂಬುದನ್ನು ಅರ್ಜಿ ಹಾಕುವ ಮುನ್ನವೇ ಕೇಳಿ ತಿಳಿದುಕೊಳ್ಳಿ. ಟ್ಯಾಂಕ್ ಪೂರ್ತಿ ಒಣಗಿದರೆ ಪೈಪಿಗೆ ಗಾಳಿ ಸೇರಿಕೊಳ್ಳುತ್ತದೆ. ಆಗ ಎಣ್ಣೆ ಹಾಕಿದರೂ ಮೆಕ್ಯಾನಿಕ್ ಬಂದು ಗಾಳಿ ತೆಗೆಯುವವರೆಗೆ ಬರ್ನರ್ ಹೊತ್ತಿಕೊಳ್ಳದಿರಬಹುದು, ಆ ಖರ್ಚು ಬೇರೆ.

ಪ್ರಶ್ನೆ: ಬಾಣಂತನಕ್ಕೆಂದು ಮಗಳ ಮನೆಗೆ ಬಂದಿದ್ದೇನೆ. ಮೊನ್ನೆ ರಾತ್ರಿ ಮನೆ ಬಿಸಿ ಮಾಡುವ ಫರ್ನೆಸ್ ಕೆಟ್ಟು ಮನೆಯೆಲ್ಲ ತಣ್ಣಗಾಯಿತು. ಊರಿನಲ್ಲಿ ಬಾಣಂತಿ ಕೋಣೆಗೆ ಅಗ್ಗಿಷ್ಟಿಕೆ ಇಡುವುದಿಲ್ಲವೇ, ಹಾಗೆ ಇದ್ದಿಲು ತಂದು ಹೊತ್ತಿಸೋಣವೆಂದರೆ ಅಳಿಯಂದಿರು ಬೇಡವೆಂದರು. ಕೊನೆಗೆ ಗ್ಯಾಸ್ ಒಲೆಯ ಓವನ್ ಬಾಗಿಲು ತೆರೆದಿಟ್ಟು ರಾತ್ರಿ ಕಳೆದೆವು. ಮಗಳು ಅಳಿಯ ಈಗಾಗಲೇ ಇಂಧನದ ನೆರವು ಪಡೆಯುತ್ತಿದ್ದಾರೆ. ಫರ್ನೆಸ್ ರಿಪೇರಿಗೂ ಸರ್ಕಾರ ಸಹಾಯ ಮಾಡುತ್ತದೆಯೇ? — ಸಿರಾಕ್ಯೂಸ್, ನ್ಯೂಯಾರ್ಕ್

ಉತ್ತರ: ಅಮ್ಮಾ, ಮೊದಲು ಓವನ್ ಆರಿಸಿಬಿಡಿ. ನಮ್ಮ ಬಾಣಂತಿ ಕೋಣೆಗಳಲ್ಲಿ ಹೆಂಚಿನ ಸಂದಿನಿಂದಲೂ ಕಿಟಕಿಯಿಂದಲೂ ಗಾಳಿ ಆಡುತ್ತಿತ್ತು, ಆದರೂ ಅಗ್ಗಿಷ್ಟಿಕೆಯ ಹೊಗೆಯಿಂದ ಅಪಾಯಗಳಾಗಿವೆ. ಚಳಿ ನುಗ್ಗದಂತೆ ಬಿಗಿಯಾಗಿ ಮುಚ್ಚಿದ ಅಲ್ಲಿಯ ಮನೆಯೊಳಗೆ ಇದ್ದಿಲು ಉರಿಸಿದರೆ, ಇಲ್ಲವೇ ಗ್ಯಾಸ್ ಓವನ್ನಿನಿಂದ ಮನೆ ಕಾಯಿಸಹೊರಟರೆ, ಬಣ್ಣವೂ ವಾಸನೆಯೂ ಇಲ್ಲದ ಕಾರ್ಬನ್ ಮಾನಾಕ್ಸೈಡ್ ತುಂಬಿಕೊಂಡು ಮಲಗಿದವರು ಏಳದೆ ಹೋಗಬಹುದು. ಅಳಿಯಂದಿರು ಇದ್ದಿಲು ಬೇಡವೆಂದದ್ದು ಸರಿಯಾದ ಮಾತು, ಓವನ್ನಿಗೂ ಅದನ್ನೇ ಹೇಳಬೇಕಿತ್ತು.

ಸಹಾಯದ ವಿಷಯಕ್ಕೆ ಬಂದರೆ, ಲೈಹೀಪ್‌ನಲ್ಲಿ ಸಾಮಾನ್ಯ ನೆರವಲ್ಲದೆ ತುರ್ತು ನೆರವು ಎಂಬ ಇನ್ನೊಂದು ಭಾಗವಿದೆ. ಅರ್ಹ ಮನೆಯವರು ತುರ್ತು ಅರ್ಜಿ ಕೊಟ್ಟ 48 ಗಂಟೆಗಳೊಳಗೆ, ಜೀವಕ್ಕೇ ಅಪಾಯವಿರುವ ಸಂದರ್ಭದಲ್ಲಿ 18 ಗಂಟೆಗಳೊಳಗೆ, ಕಷ್ಟ ಪರಿಹರಿಸುವಂಥ ಯಾವುದಾದರೊಂದು ಸಹಾಯವನ್ನು ಕೊಡಬೇಕೆಂದು ಕೇಂದ್ರದ ಕಾನೂನಿನಲ್ಲಿಯೇ ಬರೆದಿದೆ. ಕರೆ ಮಾಡುವಾಗ ‘ಫರ್ನೆಸ್ ಕೆಟ್ಟಿದೆ’ ಎಂದಷ್ಟೇ ಹೇಳದೆ, ಮನೆಯಲ್ಲಿ ಹಸುಗೂಸು ಮತ್ತು ಬಾಣಂತಿ ಇದ್ದಾರೆ, ಹೊರಗಿನ ಮತ್ತು ಒಳಗಿನ ಉಷ್ಣಾಂಶ ಇಷ್ಟಿದೆ ಎಂದು ತಿಳಿಸುವುದು ಅಗತ್ಯ. ರಿಪೇರಿಯ ವಿಷಯದಲ್ಲಿ ಮನೆ ಯಾರದೆಂಬುದು ಮುಖ್ಯ. ಮಗಳು ಅಳಿಯಂದಿರದೇ ಸ್ವಂತ ಮನೆಯಾಗಿದ್ದರೆ ನ್ಯೂಯಾರ್ಕಿನ ಹೀಪ್‌ನಲ್ಲಿ ಹೀಟಿಂಗ್ ಯಂತ್ರದ ರಿಪೇರಿಗೂ ಬದಲಾವಣೆಗೂ ನೆರವಿದೆ. ಬಾಡಿಗೆ ಮನೆಯಾದರೆ ಅದು ಮಾಲೀಕರ ಹೊಣೆ, ಅವರು ತಕ್ಷಣ ಸರಿಪಡಿಸದಿದ್ದರೆ ನಗರದ ಕಟ್ಟಡ ತಪಾಸಣೆಯ ಕಚೇರಿಗೆ ದೂರು ಕೊಡಬಹುದು. ಯಾರನ್ನು ಕೇಳಬೇಕೆಂದು ತೋಚದಿದ್ದರೆ 211ಕ್ಕೆ ಕರೆ ಮಾಡಿದರೆ ಹತ್ತಿರದ ಕಚೇರಿಯನ್ನು ತಿಳಿಸುತ್ತಾರೆ.

ಪ್ರಶ್ನೆ: ‘ವಿಂಟರ್ ಫ್ಯುಯೆಲ್ ಪೇಮೆಂಟಿಗೆ ಅರ್ಜಿ ಹಾಕಲು ಇಂದೇ ಕೊನೆಯ ದಿನ’ ಎಂದು ಮೊಬೈಲಿಗೆ ಸಂದೇಶ ಬಂದಿದೆ. ನಮಗೆ ಎಪ್ಪತ್ತು ದಾಟಿದೆ, ಪಿಂಚಣಿ ಬರುತ್ತಿದೆ. ಲಿಂಕ್ ಒತ್ತಲೇ? — ಲೆಸ್ಟರ್, ಇಂಗ್ಲೆಂಡ್

ಉತ್ತರ: ಒತ್ತಬೇಡಿ. ವಿಂಟರ್ ಫ್ಯುಯೆಲ್ ಪೇಮೆಂಟ್ ಎಂಬುದು ಚಳಿಗಾಲದ ಇಂಧನದ ಖರ್ಚಿಗೆ ಬ್ರಿಟನ್ ಸರ್ಕಾರ ವಯಸ್ಸಾದವರಿಗೆ ಕೊಡುವ ನೆರವು. ಪಿಂಚಣಿ ಪಡೆಯುತ್ತಿರುವ ಹೆಚ್ಚಿನವರಿಗೆ ಈ ಹಣ ಅರ್ಜಿಯಿಲ್ಲದೆ ತಾನಾಗಿಯೇ ಖಾತೆಗೆ ಬರುತ್ತದೆ, ಬ್ಯಾಂಕಿನ ವಿವರ ಕೇಳುವ ಸಂದೇಶವೆಲ್ಲ ಮೋಸ. ಮನೆಗೆ 200 ಪೌಂಡ್, 80 ವರ್ಷ ತುಂಬಿದವರಿದ್ದರೆ 300 ಪೌಂಡ್. 2024ರ ಚಳಿಗಾಲದಲ್ಲಿ ಇದನ್ನು ಪಿಂಚಣಿ ಕ್ರೆಡಿಟ್ (ಕಡಿಮೆ ಆದಾಯದ ವೃದ್ಧರಿಗೆ ಕೊಡುವ ಹೆಚ್ಚುವರಿ ಹಣ) ಮುಂತಾದ ನೆರವು ಪಡೆಯುವವರಿಗಷ್ಟೇ ಸೀಮಿತಗೊಳಿಸಿ ಸರ್ಕಾರ ಬೈಸಿಕೊಂಡಿತು. 2025ರಿಂದ ಮತ್ತೆ ವಿಸ್ತರಿಸಿದ್ದಾರೆ, ವರ್ಷದ ಆದಾಯ 35,000 ಪೌಂಡ್ ದಾಟಿದವರಿಂದ ಮಾತ್ರ ತೆರಿಗೆಯ ಮೂಲಕ ಹಿಂದಕ್ಕೆ ಪಡೆಯುತ್ತಾರೆ.

ಪ್ರಶ್ನೆ: ಅರ್ಜಿ ಹಾಕಿ ಎರಡು ತಿಂಗಳಾಯಿತು. ಮೊದಲು ಉತ್ತರವೇ ಇಲ್ಲ, ಈಗ ಆದಾಯ ಹೆಚ್ಚೆಂದು ತಿರಸ್ಕರಿಸಿದ್ದಾರೆ. ನಮ್ಮೊಡನೆ ಎರಡು ತಿಂಗಳಿದ್ದು ಹೋದ ಗೆಳೆಯನ ಸಂಬಳವನ್ನೂ ಸೇರಿಸಿದಂತಿದೆ. ಇನ್ನೇನಾದರೂ ಮಾಡಬಹುದೇ, ಅಥವಾ ಮುಂದಿನ ವರ್ಷ ನೋಡೋಣವೇ? — ಚಿಕಾಗೋ ಬಳಿ

ಉತ್ತರ: ಮುಂದಿನ ವರ್ಷಕ್ಕೆ ಬಿಡಬೇಕಾಗಿಲ್ಲ. ಅರ್ಜಿ ತಿರಸ್ಕೃತವಾದವರಿಗೂ, ಸಕಾಲದಲ್ಲಿ ಉತ್ತರ ಸಿಗದವರಿಗೂ ನ್ಯಾಯಯುತ ವಿಚಾರಣೆಯ ಅವಕಾಶವನ್ನು ರಾಜ್ಯಗಳು ಕೊಡಲೇಬೇಕೆಂದು ಲೈಹೀಪ್ ಕಾನೂನು ಹೇಳುತ್ತದೆ. ಮೇಲ್ಮನವಿಗೆ ಎಷ್ಟು ದಿನಗಳ ಗಡುವಿದೆ ಎಂಬುದು ತಿರಸ್ಕಾರದ ಪತ್ರದಲ್ಲಿಯೇ ಇರುತ್ತದೆ, ಮೊದಲು ಅದನ್ನು ನೋಡಿ. ಫೋನಿನಲ್ಲಿ ಎಷ್ಟೇ ಒಳ್ಳೆಯ ಮಾತಿನ ಉತ್ತರ ಸಿಕ್ಕಿದ್ದರೂ ಮನವಿಯನ್ನು ಬರಹದಲ್ಲಿಯೇ ಕೊಟ್ಟು ಒಂದು ಪ್ರತಿಯನ್ನು ಇಟ್ಟುಕೊಳ್ಳಿ. ಗೆಳೆಯ ಮನೆ ಬಿಟ್ಟ ದಿನಾಂಕಕ್ಕೆ ಅವರ ಹೊಸ ಬಾಡಿಗೆ ಕರಾರು ಅಥವಾ ಹೊಸ ವಿಳಾಸಕ್ಕೆ ಬಂದ ಬಿಲ್ಲು ಒಳ್ಳೆಯ ಸಾಕ್ಷಿಯಾಗುತ್ತದೆ. ನಿಮ್ಮ ಕರಾರಿನಲ್ಲಿ ಅವರ ಹೆಸರು ಇನ್ನೂ ಉಳಿದಿದ್ದರೆ ಮನೆ ಮಾಲೀಕರಿಂದ ಅದನ್ನು ತೆಗೆಸಿ ಆ ಕಾಗದವನ್ನೂ ಲಗತ್ತಿಸಿ. ಆದರೆ ಒಂದು ಮಾತು: ಅರ್ಜಿ ಹಾಕಿದ ದಿನ ಗೆಳೆಯ ಮನೆಯಲ್ಲಿಯೇ ಇದ್ದರೆ ಕಚೇರಿಯ ಲೆಕ್ಕ ಸರಿಯಾಗಿಯೇ ಇದ್ದಿರಬಹುದು. ಹಾಗಿದ್ದಲ್ಲಿ ಮೇಲ್ಮನವಿಗಿಂತ, ಈಗಿರುವ ಜನರ ಮತ್ತು ಈಗಿನ ಆದಾಯದ ಲೆಕ್ಕದಲ್ಲಿ ಹೊಸ ಅರ್ಜಿ ಕೊಡಲು ಅವಕಾಶವಿದೆಯೇ ಎಂದು ಕೇಳಿ. ಋತು ಮುಗಿದಿಲ್ಲದಿದ್ದರೆ ಅದೇ ಬೇಗ ಆಗುವ ಕೆಲಸ.